ಬೋಟಿ ಮಾವ

ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ – ಈ ನಾಲ್ಕು ತಾಲ್ಲೂಕಿನಲ್ಲಿ ಬಸ್ಸು ಬಾರದ ಊರು ಸಿಕ್ಕೀತು, ಬೋಟಿ ಮಾವ ಇಲ್ಲದ ಊರು ಸಿಗದು. ಅದು ಚುನಾವಣೆ ಇಲ್ಲದೆ ಸಿಗುವ, ಸಿಕ್ಕಮೇಲೆ ಸಾಯುವ ತನಕ ಬಿಡದ ಹುದ್ದೆ. ಮೀಸಲಾತಿ ಇಲ್ಲ, ಗೌರವಧನ ಇಲ್ಲ, ಅವಿಶ್ವಾಸ ಗೊತ್ತುವಳಿಗಂತೂ ಅವಕಾಶವೇ ಇಲ್ಲ.

ವಯಸ್ಸು ಐವತ್ತೈದು ದಾಟಿರುತ್ತದೆ. ಪಟ್ಟಾಪಟ್ಟಿ ಚಡ್ಡಿ ಕಾಣುವಷ್ಟು ಮೇಲಕ್ಕೆ ಕಟ್ಟಿದ ಪಂಚೆ, ತಲೆಗೆ ಟವಲ್ಲು, ಕಿವಿ ಸಂದಿಯಲ್ಲಿ ಸೇದಿ ಉಳಿಸಿದ ಅರ್ಧ ಬೀಡಿ. ವರ್ಷದ ಮಿಕ್ಕ ದಿನ ಇವರು ಕಡಲೆಕಾಯಿ, ರಾಗಿ, ಬತ್ತಿದ ಬೋರ್‌ವೆಲ್ಲು ಅಂತ ಎಲ್ಲರಂತೆಯೇ ಕೊರಗುವ ರೈತ. ಊರಲ್ಲಿ ಒಂದು ಕುರಿ ಬಿತ್ತು ಎನ್ನುವ ಸುದ್ದಿ ಬಂದರೆ ಸಾಕು, ಬೆನ್ನು ನೆಟ್ಟಗಾಗುತ್ತದೆ, ದನಿ ಏರುತ್ತದೆ, ಮಂಡಿನೋವು ಮಾಯ.

ಹೊಸತೊಡಕು ಇವರ ಪಾಲಿಗೆ ಬಜೆಟ್ ಅಧಿವೇಶನ. ಮೊದಲ ಚರ್ಚೆ ದಿನ ಯಾವುದು ಎನ್ನುವುದು. ಯುಗಾದಿಯ ಮಾರನೇ ದಿನ ಬಾಡೂಟ ಅಂತ ಹೇಳುವುದು ಸುಲಭ, ಆದರೆ ನಮ್ಮ ಕಡೆ ವಾರಕ್ಕೆ ಏಳು ದಿನ ಇದ್ದರೂ ಬಾಡಿಗೆ ಉಳಿಯುವುದು ಮೂರೋ ನಾಲ್ಕೋ. ಸೋಮವಾರ ಶಿವನದು. ಶುಕ್ರವಾರ ಗೊರವನಹಳ್ಳಿ ಮಹಾಲಕ್ಷ್ಮಿಯದು. ಶನಿವಾರದ ಮಾತಂತೂ ಪಾವಗಡದಲ್ಲಿ ಎತ್ತುವಂತೆಯೇ ಇಲ್ಲ, ಶನಿಮಹಾತ್ಮ ಕೂತಿರುವ ಊರು ಅದು. 2025ರಲ್ಲಿ ಯುಗಾದಿ ಮಾರ್ಚ್ 30ರ ಭಾನುವಾರ ಬಂತು, ಹೊಸತೊಡಕು ಸೋಮವಾರಕ್ಕೆ ಬಿತ್ತು. ಅದೇ ಸೋಮವಾರ ರಂಜಾನ್ ಕೂಡ. ಸೋಮವಾರ ಮಾಡುವ ಮನೆಯವರು ಮಂಗಳವಾರಕ್ಕೆ ಹೋಗೋಣ ಅಂದರು, ಮಾಡದವರು ನಾಲಿಗೆ ಒಂದು ದಿನ ಕಾಯಲ್ಲ ಅಂದರು. ಮಾವ ಪಂಚಾಂಗ ನೋಡಲಿಲ್ಲ, ಸಂತೆ ನೋಡಿದರು. ‘ಸೋಮವಾರ ಶಿರಾದಾಗೂ ಹಬ್ಬ. ಕುರಿ ಮುಟ್ಟಂಗಿಲ್ಲ, ಕೈ ಸುಡ್ತೈತೆ. ವಾರದ ಮುಂಚೇನೇ ಹಿಡಿದು ಕಟ್ಟಾಕ್ರಿ, ಮಂಗಳವಾರ ಕುಯ್ಯಾನ’ ಎಂದರು. ದೇವರಿಗೂ ಜೇಬಿಗೂ ಒಟ್ಟಿಗೆ ಒಪ್ಪಿಗೆಯಾಗುವ ತೀರ್ಪು ಕೊಡುವುದು ಇವರಿಗೆ ಮಾತ್ರ ಬರುತ್ತದೆ.

ಚೀಟಿ ದುಡ್ಡಿನಲ್ಲಿ ತಂದ ಕುರಿ ಕುಯ್ದು, ಎಲೆ ಹಾಸಿ ಗುಡ್ಡೆ ಹಾಕುವಾಗ ಉಳಿದವರ ಕಣ್ಣೆಲ್ಲ ತೊಡೆ ಯಾರ ಗುಡ್ಡೆಗೆ ಬಿತ್ತು, ಲಿವರ್ ಚೂರು ಎಲ್ಲಿಗೆ ಹೋಯಿತು ಎನ್ನುವುದರ ಮೇಲೆ. ಮಾವನ ಕಣ್ಣು ಪಕ್ಕದ ಪ್ಲಾಸ್ಟಿಕ್ ಬುಟ್ಟಿಯ ಮೇಲೆ. ಅದರಲ್ಲಿ ಹೊಟ್ಟೆ, ಕರುಳು, ಅರ್ಥಾತ್ ಬೋಟಿ. ಎಲ್ಲರೂ ತಿನ್ನಲು ಬಯಸುವ, ಯಾರೂ ತೊಳೆಯಲು ಬಯಸದ ವಸ್ತು ಅದು. ಮಾವನ ಅಧಿಕಾರದ ಬೇರು ಇರುವುದು ಅಲ್ಲೇ.

ಬೋಟಿ ತೊಳೆಯುವ ಕೆಲಸ ನೋಡಬೇಕು. ಬೋರ್‌ವೆಲ್ ಪೈಪಿನ ಬಾಯಿಗೆ ಕುಕ್ಕರುಗಾಲಲ್ಲಿ ಕೂರುತ್ತಾರೆ. ದೊಡ್ಡ ಹೊಟ್ಟೆಯನ್ನು ಸೀಳಿ, ಮೇವು-ಹಿಕ್ಕೆಯನ್ನು ತಿಪ್ಪೆಗೆ ಕೊಡವಿ, ಒಳಮೈ ಹೊರಗೆ ಮಾಡಿ ಹರಿಯುವ ನೀರಿಗೆ ಹಿಡಿಯುತ್ತಾರೆ. ಆಮೇಲೆ ಬಿಸಿನೀರು. ನೀರು ಕುದಿಯಬಾರದು, ಬೆರಳು ಅದ್ದಿ ‘ಹಾ’ ಅಂತ ಎಳೆದುಕೊಳ್ಳುವಷ್ಟಿರಬೇಕು. ಕುದಿಯುವ ನೀರಿಗೆ ಹಾಕಿದರೆ ಕಪ್ಪು ಪೊರೆ ಕಚ್ಚಿಕೊಂಡು ಕೂರುತ್ತದೆ, ಆಮೇಲೆ ಬ್ರಹ್ಮ ಬಂದರೂ ಏಳಲ್ಲ. ಸರಿಯಾದ ಬಿಸಿಯಲ್ಲಿ ಅದ್ದಿ ತೆಗೆದು ಚಾಕುವಿನ ಬೆನ್ನಲ್ಲಿ ಹೆರೆದರೆ ಪೊರೆ ಸುಲಿದು, ಒಳಗಿನ ಬೆಳ್ಳನೆ ಚರ್ಮ ಕಾಣುತ್ತದೆ. ಹಾಳೆಹಾಳೆಯಾಗಿರುವ ಚೀಲವನ್ನು ಒಂದೊಂದೇ ಹಾಳೆ ಬಿಡಿಸಿ ಉಜ್ಜುತ್ತಾರೆ. ಕರುಳಿಗೆ ಬೇರೆ ವಿದ್ಯೆ. ಒಂದು ತುದಿಗೆ ನೀರು ಬಿಟ್ಟು ಇನ್ನೊಂದು ತುದಿಯಲ್ಲಿ ತೆಳ್ಳಗೆ ಬರುವ ತನಕ ಹಿಂಡುವುದು, ಹಳೇ ಛತ್ರಿಕಡ್ಡಿ ಸಿಕ್ಕಿಸಿ ಇಡೀ ಕರುಳನ್ನು ಮಗುಚುವುದು, ಕಲ್ಲುಪ್ಪು ಅರಿಶಿನ ಹಾಕಿ ತಿಕ್ಕುವುದು. ನಡುನಡುವೆ ಮೂಸಿ ನೋಡುವುದು. ಮಾವನ ಮೂಗು ಪಾಸು ಮಾಡದ ಬೋಟಿ ಒಲೆ ಹತ್ತುವಂತಿಲ್ಲ.

ಸುತ್ತ ನಿಂತ ಹುಡುಗರಿಗೆ ಅಷ್ಟೂ ಹೊತ್ತು ಪಾಠ ನಡೆದಿರುತ್ತದೆ. ‘ಲೇ, ಆ ಲಿವರ್‌ನಾಗೆ ನೀರುಗುಳ್ಳೆ ಐತೆ, ನಾಯಿಗೆ ಎಸೀಬ್ಯಾಡ್ರಲಾ! ಗುಂಡಿ ತೋಡಿ ಮುಚ್ರಿ!’ ಹುಡುಗರಿಗೆ ಇದು ಮುದುಕರ ಹಟ ಅನ್ನಿಸುತ್ತದೆ. ಪಶುವೈದ್ಯರನ್ನು ಕೇಳಿದರೆ ಮಾವನಿಗೆ ಕೈ ಮುಗಿಯುತ್ತಾರೆ. ಆ ಗುಳ್ಳೆ ಒಂದು ಜಾತಿಯ ಲಾಡಿಹುಳುವಿನ ಮರಿಗಳ ಮನೆ. ಅದನ್ನು ತಿಂದ ನಾಯಿಯ ಕರುಳಲ್ಲಿ ಹುಳು ಬೆಳೆಯುತ್ತದೆ, ನಾಯಿಯ ಹೇಲಿನಲ್ಲಿ ಮೊಟ್ಟೆ ಹುಲ್ಲಿಗೆ ಬೀಳುತ್ತದೆ, ಹುಲ್ಲು ಮೇಯ್ದ ಕುರಿಗೆ ಮತ್ತೆ ಗುಳ್ಳೆ. ನಾಯಿ ಸವರಿದ ಕೈಯಲ್ಲೇ ಊಟ ಮಾಡಿದ ಮನುಷ್ಯನ ಲಿವರ್‌ಗೂ ಅದೇ ಗುಳ್ಳೆ ಬರುತ್ತದೆ. ಕುರಿ, ನಾಯಿ, ಮನುಷ್ಯ ಒಂದೇ ಹಟ್ಟಿಯಲ್ಲಿ ಬದುಕುವ ನಮ್ಮ ಸೀಮೆಗೆ ಈ ಎಚ್ಚರ ಬೇಕು. ಮಾವನಿಗೆ ಹುಳುವಿನ ವಿಷಯ ಗೊತ್ತೇ ಅಂದರೆ, ಇಲ್ಲ. ‘ನಮ್ಮಪ್ಪ ಹೂಳ್ತಿದ್ದ’ ಎನ್ನುವುದೇ ಅವರ ವಿಜ್ಞಾನ.

ತೊಳೆದಾದ ಮೇಲೆ ಮಾವನ ಕೆಲಸ ಮುಗಿಯಿತು, ಹೇಳಿಕೆ ಶುರುವಾಯಿತು. ಒಲೆ ಮುಂದೆ ಅತ್ತೆ, ಬಾಗಿಲಲ್ಲಿ ಮಾವ. ‘ಮೊದಲು ಬರೇ ಅರಿಶಿನ ಉಪ್ಪಿನಾಗೆ ಬೇಯ್ಸಿ ಆ ನೀರು ಚೆಲ್ಲು’, ‘ಕಡಲೆಕಾಳು ನೆನೆಹಾಕಿದ್ದೀಯಾ?’, ‘ಖಾರ ಈಗಲೇ ಬ್ಯಾಡ’. ಅತ್ತೆ ಮಾತಾಡದೆ ತಮಗೆ ತೋಚಿದಂತೆ ಮಾಡುತ್ತಾರೆ. ಊಟ ಚೆನ್ನಾಗಾದರೆ ಮಾವ ಹೇಳಿದ್ದಕ್ಕೆ ಚೆನ್ನಾಯಿತು, ಕೆಟ್ಟರೆ ಹೇಳಿದಂತೆ ಮಾಡದ್ದಕ್ಕೆ ಕೆಟ್ಟಿತು.

ಇಂಥ ಮಾವನ ಮನೆಗೆ ಬೆಂಗಳೂರಿನ ಅಳಿಯ ಹಬ್ಬಕ್ಕೆ ಬಂದ. ಗೋವಾ ಪ್ರವಾಸ ಮುಗಿಸಿ ಬಂದಿದ್ದ, ಬ್ಯಾಗಿನಿಂದ ಒಂದು ಪೊಟ್ಟಣ ತೆಗೆದ. ಕೆಂಪು ಮಣಿಸರದ ಹಾಗೆ ದಾರದಲ್ಲಿ ಗಂಟುಗಂಟಾಗಿ ಕಟ್ಟಿದ ಸಾಸೇಜು. ಗೋವಾದವರು ಚೋರಿಸ್ ಅನ್ನುತ್ತಾರೆ, ಪೋರ್ಚುಗೀಸರ ಶೊರೀಸೊದ ವಂಶ, ಸ್ಪೇನಿನ ಚೊರೀಝೊದ ದಾಯಾದಿ. ಹಂದಿ ಬಾಡಿನ ಚೂರಿಗೆ ಒಣಮೆಣಸಿನಕಾಯಿ, ಬೆಳ್ಳುಳ್ಳಿ, ಉಪ್ಪು, ಸೇಂದಿಯ ವಿನಿಗರ್ ಬೆರೆಸಿ, ಕರುಳಿನೊಳಗೆ ತುಂಬಿ, ಬಿಸಿಲಲ್ಲೂ ಹೊಗೆಯಲ್ಲೂ ಒಣಗಿಸಿದ್ದು.

ಅತ್ತೆ ಒಂದೇ ಮಾತಲ್ಲಿ, ‘ಹಂದಿ ಬಾಡು ನನ್ನ ಒಲೆಗೆ ಬ್ಯಾಡ, ಹಿತ್ತಲಾಗೆ ಮೂರು ಕಲ್ಲು ಹೂಡ್ಕಳಿ, ಆ ಹಳೇ ಬಾಂಡ್ಲಿ ತಗಳಿ’ ಎಂದು ಗಡಿ ಎಳೆದರು. ಮಾವ ಪೊಟ್ಟಣ ಹಿಡಿದು ತಿರುಗಿಸಿ, ಒತ್ತಿ, ಮೂಸಿ, ತಮ್ಮ ಜೀವಮಾನದ ಪ್ರಶ್ನೆ ಕೇಳಿದರು:

‘ಅಳಿಯಂದ್ರೇ, ಇದರ ಬೋಟಿ ತೊಳೆದೋರು ಯಾರು?’

‘ಗೊತ್ತಿಲ್ಲ ಮಾವ, ಫ್ಯಾಕ್ಟರೀಲಿ ಮಾಡಿರ್ತಾರೆ.’

‘ಫ್ಯಾಕ್ಟ್ರಿಗೆ ಕೈ ಐತೇನ್ರಿ?’

ಅಳಿಯ ಸುಮ್ಮನಾದ. ಜಗತ್ತಿನಲ್ಲಿ ಕರುಳಿನ ಹೊದಿಕೆಯ ತೆಳ್ಳನೆ ಸಾಸೇಜುಗಳಿಗೆ ಹೆಚ್ಚಾಗಿ ಬಳಸುವುದು ಕುರಿ ಕರುಳನ್ನೇ, ಇಂಡಿಯಾದಿಂದಲೂ ಕರುಳು ರಫ್ತಾಗುತ್ತದೆ ಅಂತ ಸೊಸೆ ಮೊಬೈಲು ನೋಡಿ ಹೇಳಿದಾಗ ಮಾವನ ಮುಖ ಅರಳಿತು. ತಮ್ಮ ಇಲಾಖೆಗೆ ವಿದೇಶಾಂಗ ವಿಭಾಗವೂ ಇದೆ ಅನ್ನುವುದು ಅವರಿಗೆ ಅಂದೇ ತಿಳಿದದ್ದು.

ಅಷ್ಟರಲ್ಲಿ ಅಳಿಯ ಚಾಕು ತೆಗೆದು, ‘ಇದನ್ನ ಹಾಗೇ ಸ್ಲೈಸ್ ಮಾಡಿ ತಿನ್ನಬಹುದು ಮಾವ, ಸ್ಪೇನಲ್ಲಿ ಹಾಗೇ ತಿನ್ನೋದು’ ಅಂದ. ಮಾವ ಅವನ ಕೈ ಹಿಡಿದೇ ಬಿಟ್ಟರು. ‘ಒಣಗಿದ್ದು ಬೆಂದಿದ್ದಲ್ಲ ಕಣ್ರೀ. ನಮ್ಮ ಉಪ್ಪುಕಂಡ ತಿಂಗಳುಗಟ್ಟಲೆ ದಾರದಾಗೆ ನೇತಾಡ್ತೈತೆ. ಹಂಗಂತ ಯಾವೋನಾದ್ರೂ ಹಸೀದು ಕಡೀತಾನಾ?’

ಇಲ್ಲೂ ಮಾವನದೇ ಗೆಲುವು. ಸ್ಪೇನಿನಲ್ಲಿ ತಿಂಗಳುಗಟ್ಟಲೆ ಹದ ಮಾಡಿದ ಗಟ್ಟಿ ಚೊರೀಝೊ ಉಂಟು, ಅದನ್ನು ಹಾಗೇ ಕತ್ತರಿಸಿ ತಿನ್ನುತ್ತಾರೆ. ಅಲ್ಲೇ ಹಸಿ ಚೊರೀಝೊ ಕೂಡ ಉಂಟು, ಅದನ್ನು ಬೇಯಿಸಲೇಬೇಕು. ಮೆಕ್ಸಿಕೋದವರದು ಸಾಮಾನ್ಯವಾಗಿ ಹಸಿ, ಕರುಳು ಬಿಚ್ಚಿ ಪುಡಿಪುಡಿಯಾಗಿ ಹುರಿಯುವುದು. ಗೋವಾದ್ದು ನೋಡಲು ಒಣಗಿದಂತಿದ್ದರೂ ಬೇಯಿಸಿಯೇ ತಿನ್ನುವಂಥದ್ದು. ಎಲ್ಲವೂ ಕೆಂಪಗೇ ಇರುವುದರಿಂದ ಬಣ್ಣ ನೋಡಿ ಬೆಂದಿದೆ, ಬೆಂದಿಲ್ಲ ಅನ್ನುವಂತಿಲ್ಲ, ಬೆಂದ ಮೇಲೂ ಮೆಣಸಿನಕಾಯಿಯ ಕೆಂಪು ಹೋಗುವುದಿಲ್ಲ. ಹಂದಿಯಲ್ಲಿ ಲಾಡಿಹುಳುವಿನ ಭಯ ಬೇರೆ. ಇಡೀ ತುಂಡು ಬಾಡಾದರೆ ಬ್ಯಾಕ್ಟೀರಿಯಾ ಹೆಚ್ಚಾಗಿ ಮೇಲ್ಮೈಯಲ್ಲಿರುತ್ತದೆ, ಬೆಂಕಿ ತಾಗಿದರೆ ಸಾಯುತ್ತದೆ. ಕೊಚ್ಚಿ ಕೈಮ ಮಾಡಿದರೆ ಮೇಲಿದ್ದದ್ದೆಲ್ಲ ಒಳಗೆ ಹೋಗುತ್ತದೆ. ಅದಕ್ಕೇ ಸಾಸೇಜಿನ ನಟ್ಟನಡುವೆ ಶಾಖ ಮುಟ್ಟಬೇಕು: ಹಂದಿ, ಕುರಿಯದಾದರೆ 71 ಡಿಗ್ರಿ ಸೆಲ್ಸಿಯಸ್, ಕೋಳಿಯದಾದರೆ 74.

ಮಗಳು ಕೇಕಿಗೆಂದು ಇಟ್ಟುಕೊಂಡಿದ್ದ ಥರ್ಮಾಮೀಟರ್ ತಂದಳು. ‘ಬಾಡಿಗೆ ಜ್ವರ ನೋಡ್ತೀಯೇನಮ್ಮಾ?’ ಎಂದು ಮಾವ ನಕ್ಕರು. ಆದರೆ ಅದರ ಕಡ್ಡಿಯನ್ನು ಸಾಸೇಜಿನ ಹೊಟ್ಟೆಗೆ ಚುಚ್ಚಲು ಹೋದಾಗ ನಗು ನಿಂತಿತು. ‘ಚುಚ್ಚಬ್ಯಾಡ! ರಸ ಎಲ್ಲಾ ಬೆಂಕಿಗೆ ಹೋಗ್ತೈತೆ.’ ಕೊನೆಗೆ ತುದಿಯ ಗಂಟಿನ ಪಕ್ಕದಿಂದ ಉದ್ದಕ್ಕೆ ತೂರಿಸಿ ನಡು ಮುಟ್ಟಿಸುವುದು, ಅದೂ ಬೆಂದಾದ ಮೇಲೆ, ಒಂದಕ್ಕೆ ಮಾತ್ರ ಅಂತ ರಾಜಿಯಾಯಿತು.

ಅಡುಗೆಯನ್ನು ಮಾವ ತಾವು ಮುಟ್ಟದೆ ಮಾಡಿಸಿದರು. ಬಾಂಡ್ಲಿಗೆ ಎಣ್ಣೆ ಬೇಡ, ಸಾಸೇಜು ಹಾಕಿ ಅರ್ಧ ಮುಳುಗುವಷ್ಟು ನೀರು. ಸೌದೆ ಹಿಂದಕ್ಕೆ ಎಳೆದು ಸಣ್ಣ ಉರಿ, ಮೇಲೊಂದು ತಟ್ಟೆ. ಜೋರು ಉರಿಯಲ್ಲಿ ಕರುಳು ಸೆಟೆದು ಒಡೆಯುತ್ತದೆ, ಹೊರಗೆ ಕರಿ, ಒಳಗೆ ಹಸಿ. ಸಣ್ಣ ಉರಿಯಲ್ಲಿ ಒಳಗಿನ ತನಕ ಬೆಂದು, ಕೊಬ್ಬು ಕರಗಿ ಕೆಂಪೆಣ್ಣೆ ಬಿಟ್ಟುಕೊಳ್ಳುತ್ತದೆ. ನೀರು ಇಂಗಿದ ಮೇಲೆ ತಟ್ಟೆ ತೆಗೆದು ಅದೇ ಎಣ್ಣೆಯಲ್ಲಿ ಹೊರಳಿಸಿ ಕೆಂಪಗೆ ಮಾಡಬೇಕು. ಆಮೇಲೆ ಅದರಲ್ಲೇ ಈರುಳ್ಳಿ, ಆಲೂಗಡ್ಡೆ. ಉಪ್ಪು ಹಾಕಲು ಹೋದ ಅಳಿಯನಿಗೆ, ‘ಉಪ್ಪುಕಂಡಕ್ಕೆ ಉಪ್ಪು ಹಾಕೋ ಗಿರಾಕಿ ನೀವೇ ಮೊದಲು’ ಎನ್ನುವ ಮಾತು ಬಿತ್ತು. ಥರ್ಮಾಮೀಟರ್ 76 ತೋರಿಸಿತು. ಮಾವ ಅದಕ್ಕೂ ಮೊದಲೇ ಮೂಸಿ ‘ಇಳಿಸ್ರಿ’ ಅಂದಿದ್ದರು.

ಮಾವನಿಗೆ ಗೊತ್ತಿಲ್ಲದೆ ಜರ್ಮನಿಯಲ್ಲಿ ಅವರದೇ ಗೋತ್ರದವರೊಬ್ಬರು ಇದ್ದರು. ಯುಸ್ಟಿನಸ್ ಕೆರ್ನರ್ ಎಂಬ ವೈದ್ಯರು, ಕವಿಯೂ ಹೌದು. ತಮ್ಮ ವ್ಯುರ್ಟೆಂಬರ್ಗ್ ಸೀಮೆಯಲ್ಲಿ ಕೆಟ್ಟ ಸಾಸೇಜು ತಿಂದು ಸತ್ತವರ, ಸಾಯದೆ ಉಳಿದವರ ಕಥೆಯನ್ನೆಲ್ಲ ಕಲೆಹಾಕಿ 1820 ಮತ್ತು 1822ರಲ್ಲಿ ಪುಸ್ತಕ ಬರೆದರು. ಆ ಸಾಸೇಜಿನ ವಿಷವನ್ನು ತಮ್ಮ ನಾಲಿಗೆಯ ಮೇಲೇ ಪರೀಕ್ಷಿಸಿಕೊಂಡರು. ಗಾಳಿಯಾಡದ ಕಡೆ ಈ ವಿಷ ಹುಟ್ಟುತ್ತದೆ ಎಂದು ಗುರುತಿಸಿದವರು ಅವರೇ. ಇವತ್ತಿಗೂ ಒಣ ಸಾಸೇಜು ಮಾಡುವವರು ಅದರ ತಡೆಗೆ ನೈಟ್ರೈಟ್ ಬೆರೆತ ಉಪ್ಪನ್ನು ಗ್ರಾಂ ಲೆಕ್ಕದಲ್ಲಿ ತೂಗಿ ಹಾಕುತ್ತಾರೆ, ಕಣ್ಣಳತೆ ಅಲ್ಲಿ ನಡೆಯದು. ಕೆರ್ನರ್ ನಮ್ಮ ಕಡೆ ಹುಟ್ಟಿದ್ದರೆ ಪುಸ್ತಕ ಬರೆಯುತ್ತಿರಲಿಲ್ಲ, ಬಾಗಿಲಲ್ಲಿ ನಿಂತು ಕೂಗುತ್ತಿದ್ದರು.

ಮುದ್ದೆ ಮುರಿದು, ಸಾಸೇಜಿನ ಕೆಂಪೆಣ್ಣೆಗೆ ಅದ್ದಿ ಮಾವ ಮೊದಲ ತುತ್ತು ನುಂಗಿದರು. ವಿನಿಗರಿನ ಹುಳಿ ಹಲ್ಲಿಗೆ ತಾಗಿತು. ‘ಹುಣಸೆಹಣ್ಣು ಹಾಕಿದ್ದಿದ್ರೆ ಇನ್ನೂ ಸಂದಾಗಿರ್ತಿತ್ತು’ ಅಂದರು. ಬೋಟಿ ಮಾವನ ಬಾಯಲ್ಲಿ ಇದಕ್ಕಿಂತ ದೊಡ್ಡ ಹೊಗಳಿಕೆ ಇಲ್ಲ. ಉಳಿದದ್ದನ್ನು ಸಂಜೆಗೆ ಮುಚ್ಚಿಡೋಣ ಅಂದ ಅಳಿಯನಿಗೆ, ‘ಈ ಬಿಸಿಲಾಗಾ? ಈಗ ತಿನ್ರಿ, ಇಲ್ಲಾ ಫ್ರಿಜ್ಜಿಗೆ ಹಾಕ್ರಿ’ ಎಂದು ಗದರಿದರು. ಬೆಂದ ಬಾಡು ಹೊರಗೆ ಎರಡು ಗಂಟೆಗಿಂತ ಹೆಚ್ಚು ಇರಬಾರದು, ಬಿಸಿಲು 32 ಡಿಗ್ರಿ ದಾಟಿದರೆ ಒಂದೇ ಗಂಟೆ ಅಂತ ಅಮೆರಿಕದ ಕೃಷಿ ಇಲಾಖೆಯೂ ಹೇಳುತ್ತದೆ. ಯುಗಾದಿ ಹೊತ್ತಿನ ಪಾವಗಡದ ಬಿಸಿಲು 32ರಲ್ಲಿ ನಿಂತಿದ್ದನ್ನು ಕಂಡವರಿಲ್ಲ.

ಊಟವಾದ ಮೇಲೆ ಎಲೆಅಡಿಕೆ ಹಾಕಿಕೊಂಡು ಮಾವ ಯೋಜನೆ ಮಂಡಿಸಿದರು. ಮುಂದಿನ ಹೊಸತೊಡಕಿಗೆ ನಮ್ಮ ಕುರಿ, ನಮ್ಮ ಕರುಳು, ನಮ್ಮ ಬ್ಯಾಡಗಿ ಮೆಣಸಿನಕಾಯಿ, ಮೇಲೆ ಹುಣಸೆ ಹುಳಿ. ಒಣಗಿಸುವ ಗೊಡವೆ ಇಲ್ಲ, ಬೆಳಿಗ್ಗೆ ತುಂಬಿ ಮಧ್ಯಾಹ್ನ ತಿನ್ನುವುದು. ಕೈಮ ಕೊಚ್ಚಲು ಹುಡುಗರು, ತುಂಬಲು ಅಳಿಯ, ಜ್ವರ ನೋಡಲು ಮಗಳು. ‘ತೊಳೆಯೋದು ಮಾತ್ರ ನಾನೇ. ಆ ಕೆಲಸ ಇನ್ನೊಬ್ಬರ ಕೈಗೆ ಕೊಡಾಕಿಲ್ಲ!’

ಹಿತ್ತಲಿಂದ ಅತ್ತೆ, ಕೆಂಪೆಣ್ಣೆ ಜಿಡ್ಡುಗಟ್ಟಿದ ಬಾಂಡ್ಲಿ ಎತ್ತಿ ತಂದು ಮಾವನ ಕಾಲಬುಡಕ್ಕೆ ಇಟ್ಟರು.

‘ಮಾತು ಅಂದ್ರೆ ಮಾತು. ತಗಳಿ, ಇದೂ ನಿಮ್ಮದೇ.’