ಒಂದು ಬೆರಳು, ಎರಡು ಪಟ್ಟಿ

ಬೆಂಗಳೂರಿಗರು ಓಟು ಹಾಕೋದಿಲ್ಲ ಎಂದು ಬೈಯುವವರು ಮತದಾನದ ಹಿಂದಿನ ಸಂಜೆ ಗೊರಗುಂಟೆಪಾಳ್ಯಕ್ಕೊಮ್ಮೆ ಬಂದು ನಿಲ್ಲಬೇಕು. ಪೀಣ್ಯದಲ್ಲಿ ಶಿಫ್ಟು ಮುಗಿಸಿದವರು, ಗಾರ್ಮೆಂಟ್ಸಿನ ಹೆಣ್ಣುಮಕ್ಕಳು, ಕೂಸನ್ನು ಸೊಂಟಕ್ಕೇರಿಸಿಕೊಂಡವರು ಎಲ್ಲರೂ ತುಮಕೂರು ರಸ್ತೆಯ ಅಂಚಿನಲ್ಲಿ ಕೆಂಪು ಬಸ್ಸಿಗೆ ಕೈ ಅಡ್ಡ ಹಾಕುತ್ತಿರುತ್ತಾರೆ. ಶಿರಾ, ತಿಪಟೂರು, ಹಾಸನ. ಹೆಂಗಸರಿಗೆ ಟಿಕೆಟ್ಟಿಲ್ಲ, ಗಂಡಸರಿಗೆ ಸೀಟಿಲ್ಲ. ನಿಂತುಕೊಂಡೇ ಹೋಗಿ ಓಟು ಹಾಕಿ, ನಿಂತುಕೊಂಡೇ ವಾಪಸಾಗುತ್ತಾರೆ. ಮಾರನೇ ದಿನ ಟಿ.ವಿ.ಯಲ್ಲಿ ಮಾತ್ರ 'ನಗರದ ಜನರಲ್ಲಿ ನಿರಾಸಕ್ತಿ' ಎಂದು ಗಂಟಲು ಹರಿಯುವಂತೆ ಚರ್ಚೆ.

2024ರ ಏಪ್ರಿಲ್ 26ರಂದು ಬೆಂಗಳೂರು ಉತ್ತರ ಲೋಕಸಭಾ ಕ್ಷೇತ್ರದಲ್ಲಿ ಮತದಾನ ಸುಮಾರು ಶೇ 54. ಅದೇ ದಿನ ತುಮಕೂರಿನಲ್ಲಿ ಸುಮಾರು ಶೇ 78. ತುಮಕೂರಿನವರು ಜಾಗೃತರು, ನಾವು ಸೋಮಾರಿಗಳು ಎಂದು ತೀರ್ಪಾಯಿತು. ಆ 78ರಲ್ಲಿ ಗೊರಗುಂಟೆಪಾಳ್ಯದಿಂದ ಬಸ್ಸು ಹತ್ತಿದವರೆಷ್ಟು ಎಂದು ಯಾರೂ ಎಣಿಸಲಿಲ್ಲ. ಹಳ್ಳಿಯ ಮತದಾರರ ಪಟ್ಟಿಯಲ್ಲೂ ಇಲ್ಲಿನ ಪಟ್ಟಿಯಲ್ಲೂ ಹೆಸರಿರುವವನ ಪಾಡು ನೋಡಿ: ಊರಲ್ಲಿ ಓಟು ಹಾಕಿದ್ದಕ್ಕೆ ಅಲ್ಲಿ ಹೊಣೆಯರಿತ ಪ್ರಜೆ, ಇಲ್ಲಿ ಬೇಜವಾಬ್ದಾರಿ ನಾಗರಿಕ. ದಿನ ಅದೇ, ಬೆರಳೂ ಅದೇ. ಎರಡು ಕಡೆ ಹೆಸರಿರುವುದು ಕಾನೂನಿಗೆ ವಿರುದ್ಧ ಅನ್ನುತ್ತೀರಿ. ಹೌದು. ಆದರೆ ಸತ್ತವರನ್ನೇ ಪಟ್ಟಿಯಿಂದ ತೆಗೆಯಲು ತಿಣುಕುವ ವ್ಯವಸ್ಥೆ ಬದುಕಿರುವವನ ಬೆನ್ನು ಹತ್ತೀತೇ?

ಇಲ್ಲಿ ಬಾಡಿಗೆ ಕರಾರು 11 ತಿಂಗಳು, ಶಾಸಕರ ಕರಾರು 5 ವರ್ಷ. ಮನೆ ಬದಲಾದಾಗಲೆಲ್ಲ ನಮೂನೆ 8 ತುಂಬಬೇಕು. ಅದಕ್ಕೆ ವಿಳಾಸದ ದಾಖಲೆ ಬೇಕು. ಕರಾರುಪತ್ರದಲ್ಲಿ ಎರಡು ಸಾವಿರ ಕಡಿಮೆ ಬರೆಸಿರುವ ಮಾಲೀಕರು ಅದನ್ನು ಹೊರಗೆಲ್ಲೂ ತೋರಿಸಬೇಡಪ್ಪಾ ಅನ್ನುತ್ತಾರೆ. ಬಿಎಲ್‌ಒ ಅಂದರೆ ಮತಗಟ್ಟೆ ಮಟ್ಟದ ಅಧಿಕಾರಿ ಆಗಿರುವ ಅಂಗನವಾಡಿ ಮೇಡಂ ಮನೆಮನೆ ಸುತ್ತುವ ಹೊತ್ತಿಗೆ ಬಾಡಿಗೆದಾರ ಫ್ಯಾಕ್ಟರಿಯಲ್ಲಿ, ಬಾಗಿಲಲ್ಲಿ ಬೀಗ. ಬೀಗಕ್ಕೆ ಹದಿನೆಂಟು ತುಂಬಿದ್ದರೆ ಅದನ್ನೇ ಸೇರಿಸಿಕೊಳ್ಳಬಹುದಿತ್ತು.

ಮತದಾರ ಸಿಗದಿದ್ದರೇನು, ಕಾರ್ಡಿಗೆ ಬರವಿಲ್ಲ. 2018ರ ಮೇನಲ್ಲಿ, ವಿಧಾನಸಭಾ ಚುನಾವಣೆಗೆ ಕೆಲವೇ ದಿನ ಇರುವಾಗ, ಪಕ್ಕದ ಜಾಲಹಳ್ಳಿಯ ಒಂದು ಫ್ಲಾಟಿನಲ್ಲಿ 9,746 ಮತದಾರರ ಗುರುತಿನ ಚೀಟಿಗಳು ಸಿಕ್ಕವು. ಇಷ್ಟು ಒಗ್ಗಟ್ಟಿನಿಂದ ಒಂದೇ ಸೂರಿನಡಿ ಬಾಳಿದ ಮತದಾರರನ್ನು ಈ ನಗರ ಅದಕ್ಕೂ ಮೊದಲು ಕಂಡಿರಲಿಲ್ಲ. ಫ್ಲಾಟು ನಿಮ್ಮವರದ್ದು, ಅಲ್ಲಲ್ಲ, ಒಳಗಿದ್ದವರು ನಿಮ್ಮವರು ಎಂದು ಕಾಂಗ್ರೆಸ್ಸೂ ಬಿಜೆಪಿಯೂ ಕಿತ್ತಾಡಿದವು. ಆ ಫ್ಲಾಟಿದ್ದ ರಾಜರಾಜೇಶ್ವರಿನಗರ ಕ್ಷೇತ್ರದ ಮತದಾನ ಮೇ 12ರಿಂದ 28ಕ್ಕೆ ಹೋಯಿತು. ಚೀಟಿಗಳು ತಾವಾಗಿಯೇ ನಡೆದು ಬಂದಿರಲಿಕ್ಕಿಲ್ಲ. ಮೆಟ್ರೊ ಹತ್ತಿ ಬಂದವೇನೋ.

ನಮ್ಮನ್ನು ಎಬ್ಬಿಸುವ ಪ್ರಯತ್ನಕ್ಕೇನೂ ಕೊರತೆಯಿಲ್ಲ, ಆ ಮಾತು ಬೇರೆ. ಶಾಯಿ ತೋರಿಸಿದರೆ ಬಿಟ್ಟಿ ದೋಸೆ ಕೊಡುವ ಹೋಟೆಲುಗಳಿವೆ. 1962ರ ಚುನಾವಣೆಯಿಂದಲೂ ದೇಶಕ್ಕೆ ಆ ಶಾಯಿ ಒದಗಿಸುತ್ತಿರುವುದು ಮೈಸೂರಿನ ನಮ್ಮದೇ ಸರ್ಕಾರಿ ಕಾರ್ಖಾನೆ. ಅಳಿಸಲಾಗದ ಶಾಯಿ ಮಾಡಲು ನಮಗೆ ಬರುತ್ತದೆ. ಅಳಿಸಬೇಕಾದ ಹೆಸರು ಅಳಿಸಲು ಬರುವುದಿಲ್ಲ.

ಇಷ್ಟೆಲ್ಲ ಬೈಗುಳ ತಿಂದ ಮೇಲೆ ಒಂದು ಲೆಕ್ಕ ಕೇಳುವ ಹಕ್ಕು ನಮಗೂ ಇದೆ. ಬಿಬಿಎಂಪಿಗೆ ನಾವು ಓಟು ಹಾಕಿದ್ದು 2015ರ ಆಗಸ್ಟ್ 22ರಂದು. 2020ರ ಸೆಪ್ಟೆಂಬರಿನಲ್ಲಿ ಕೌನ್ಸಿಲ್ ಅವಧಿ ಮುಗಿಯಿತು. ಚುನಾವಣೆ ಬರಲಿಲ್ಲ, ಆಡಳಿತಾಧಿಕಾರಿಗಳು ಬಂದರು. ವಾರ್ಡುಗಳನ್ನು ಹೆಚ್ಚಿಸಿದರು, ಇಳಿಸಿದರು, ಮೀಸಲಾತಿ ಪಟ್ಟಿ ಕೋರ್ಟಿಗೆ ಅಲೆಯಿತು. ಸರ್ಕಾರ ಬದಲಾದರೂ ಸಬೂಬು ಬದಲಾಗಲಿಲ್ಲ. 2025ರ ಸೆಪ್ಟೆಂಬರಿನಲ್ಲಿ ಪಾಲಿಕೆಯನ್ನೇ ಐದು ಹೋಳು ಮಾಡಿದರು. ನಡುವಿನ ಆ ಐದು ವರ್ಷ ಗೊರಗುಂಟೆಪಾಳ್ಯದ ಚರಂಡಿ ತುಂಬಿದರೆ ಬೈಯಲು ಒಬ್ಬ ಕಾರ್ಪೊರೇಟರೂ ಇರಲಿಲ್ಲ. ಮತದಾನ ಪ್ರಮಾಣ ಶೇ ಸೊನ್ನೆ. ಆ ಗೈರುಹಾಜರಿಗೆ ಯಾವ ಟಿ.ವಿ.ಯಲ್ಲಿ ಚರ್ಚೆ ಇಟ್ಟಿದ್ದರು, ಯಾರ ಮನೆ ಬಾಗಿಲಿಗೆ ಜಾಗೃತಿ ಜಾಥಾ ಹೊರಟಿತ್ತು?