ಅಂಗಳದ ಅರಬ್ಬಿ ಸಮುದ್ರ

ಜೂನ್ 1ರಿಂದ ಜುಲೈ 31ರವರೆಗೆ ಕರಾವಳಿಯಲ್ಲಿ ಯಾಂತ್ರೀಕೃತ ಮೀನುಗಾರಿಕೆಗೆ ರಜೆ. ರಜೆ ದೋಣಿಗೆ, ನನಗಲ್ಲ. ಗಂಗೊಳ್ಳಿಯ ಭಾವ ತಮ್ಮ ದೋಣಿಯ ಔಟ್‌ಬೋರ್ಡ್ ಎಂಜಿನನ್ನು ತಂದು ನಮ್ಮ ಅಂಗಳದಲ್ಲಿ ಇಳಿಸುತ್ತಾರೆ. ಅದರ ಹೊಟ್ಟೆಯೊಳಗಿನ ಉಪ್ಪು ಹೋಗಬೇಕಾದರೆ ಸಿಹಿನೀರು ಕುಡಿಸಿ ಓಡಿಸಬೇಕು. ಒಣಗಂಟಲಲ್ಲಿ ಓಡಿಸಿದರೆ ನೀರೆಳೆಯುವ ಪಂಪಿನ ರಬ್ಬರ್ ಚಕ್ರ ಬಿಸಿಯಾಗಿ ಕೆಟ್ಟೇ ಹೋಯಿತು. ಹಾಗಾಗಿ ನಮ್ಮ ಬಚ್ಚಲ ಡ್ರಮ್ಮೇ ಅದಕ್ಕೆ ಸಮುದ್ರ. ನೀರೆಳೆಯುವ ಕಿಂಡಿ ಮುಳುಗುವಷ್ಟು ತುಂಬಿಸಬೇಕು. ಅಷ್ಟರಲ್ಲಿ ಮನೆಯವರ ಸ್ನಾನಕ್ಕೆ ಸಂಚಕಾರ.

ಭಾವ ಶಿಸ್ತಿನ ಮನುಷ್ಯ. ಮೊದಲು ಪ್ರೊಪೆಲ್ಲರ್ ಕಳಚುತ್ತಾರೆ, ಗೇರನ್ನು ನ್ಯೂಟ್ರಲ್‌ಗೆ ತರುತ್ತಾರೆ, ಮಕ್ಕಳನ್ನು ಜಗಲಿಗೆ ಓಡಿಸುತ್ತಾರೆ. ಮಳೆ ಧೋ ಎನ್ನುತ್ತಿದ್ದರೂ ಕೊಟ್ಟಿಗೆಯೊಳಗೆ ಓಡಿಸುವ ಹಾಗಿಲ್ಲ. ಹೊಗೆಯಲ್ಲಿ ಕಾರ್ಬನ್ ಮೊನಾಕ್ಸೈಡ್, ವಾಸನೆಯಿಲ್ಲದ ಯಮ. ಆದ್ದರಿಂದ ಅಂಗಳದಲ್ಲೇ ಸಮಾರಂಭ. ಕೊಡೆ ಎಂಜಿನ್ನಿಗೆ, ಹಿಡಿದವನು ನಾನು, ನೆನೆಯುವವನೂ ನಾನು.

ನನಗೆ ಇನ್ನೊಂದು ಜವಾಬ್ದಾರಿಯೂ ಇದೆ. ಎಂಜಿನ್ನಿನ ಪಕ್ಕದ ಸಣ್ಣ ತೂತಿನಿಂದ ನೀರಿನ ಎಳೆ ಚಿಮ್ಮಿದರೆ ಪಂಪು ಸರಿಯಿದೆ ಎಂದರ್ಥ. ಚಿಮ್ಮದಿದ್ದರೆ ತಕ್ಷಣ ನಿಲ್ಲಿಸಬೇಕು. "ಬಂತಾ ಮಾರಾಯಾ?" ಎಂದು ಭಾವ ಕೂಗುತ್ತಾರೆ. ಉಡುಪಿ ಜಿಲ್ಲೆಯ ಜುಲೈ ಮಳೆಯಲ್ಲಿ, ಬರುತ್ತಿರುವ ಇಷ್ಟೊಂದು ನೀರಿನಲ್ಲಿ ಎಂಜಿನ್ನಿನದು ಯಾವುದು, ಆಕಾಶದ್ದು ಯಾವುದು? ಬೆರಳೊಡ್ಡಿ ನೋಡುತ್ತೇನೆ. ಬೆಚ್ಚಗಿದ್ದರೆ ಎಂಜಿನ್ನಿನದು. ಇಡೀ ಮಳೆಗಾಲದಲ್ಲಿ ನನ್ನ ಪಾಲಿಗೆ ಸಿಗುವ ಬಿಸಿನೀರು ಅಷ್ಟೇ.

ಸದ್ದಿಗೆ ಬೇಲಿಯಾಚೆಯಿಂದ ಪಕ್ಕದ ಮನೆಯ ಅಜ್ಜಿ ಇಣುಕುತ್ತಾರೆ. "ಬಂಗುಡೆ ಸಿಕ್ಕಿದ್ರೆ ನಮ್ಗೂ ನಾಲ್ಕು ಕೊಡಿ!"