ಚೌಕಮೀಮಾಂಸೆ ಅಥವಾ ಅಪ್ರಾಪ್ತರ ಕ್ರಯವಿಕ್ರಯಾಧಿಕಾರ ನಿರ್ಣಯ

ಇನ್ನು ವಯೋಜಿಜ್ಞಾಸೆ. ಫೋನಿನ ಪರದೆಯ ಮೇಲೆ ಪುಟ್ಟ ಚೌಕವೊಂದಿದೆ. ಪಕ್ಕದಲ್ಲಿ ‘ನನಗೆ 18 ವರ್ಷ ತುಂಬಿದೆ’ ಎಂಬ ಮಂತ್ರ. ಅದನ್ನು ಮುಟ್ಟಿದ ಕ್ಷಣವೇ ಮಡಿಕೇರಿಯ ಏಳನೇ ತರಗತಿಯ ಹುಡುಗ ಪ್ರಾಯಪ್ರಬುದ್ಧನಾಗುತ್ತಾನೆ. ಮೀಸೆ ಮಾತ್ರ ತಡವಾಗಿ ಬರುತ್ತದೆ. ಈ ಪವಾಡದ ಸ್ವರೂಪವೇನು, ಫಲವೇನು, ಫಲ ಯಾರ ತಲೆಗೆ ಎಂಬುದೇ ಇಲ್ಲಿನ ವಿಚಾರ. ಮನೆಯಲ್ಲಿ ಮಕ್ಕಳೂ ಫೋನೂ ಇರುವವರೆಲ್ಲ ಈ ಗ್ರಂಥಕ್ಕೆ ಅಧಿಕಾರಿಗಳು.

ಮೂಲಸೂತ್ರ 1872ರ ಕರಾರು ಕಾಯ್ದೆಯ 11ನೇ ಕಲಮು. ಪ್ರಾಯ ತುಂಬದವರು, ಬುದ್ಧಿ ಸ್ವಸ್ಥವಲ್ಲದವರು, ಕಾನೂನೇ ಅನರ್ಹಗೊಳಿಸಿದವರು ಕರಾರಿಗೆ ಸಲ್ಲರು. ಆನ್‌ಲೈನ್ ಅಂಗಡಿಗಳ ಷರತ್ತುಗಳಲ್ಲಿ ದಿವಾಳಿಯಾದವರನ್ನೂ ಇದೇ ಸಾಲಿಗೆ ಎಳೆದು ತರುವುದುಂಟು. ಹೀಗಾಗಿ ಹದಿನೇಳರ ಪಿಯುಸಿ ಹುಡುಗಿ, ಲೆಕ್ಕದಲ್ಲಿ ನೂರಕ್ಕೆ ನೂರು ತೆಗೆದವಳು, ಈ ಪಂಕ್ತಿಯಲ್ಲಿ ದಿವಾಳಿಗಾರನ ಪಕ್ಕ ಎಲೆ ಹಾಕಿಸಿಕೊಂಡು ಕೂರಬೇಕು.

ಇಲ್ಲಿ ಪೂರ್ವಪಕ್ಷಿ ಏಳುತ್ತಾನೆ. ಕೊಡವರಲ್ಲಿ ಗಂಡುಮಗು ಹುಟ್ಟಿದರೆ ಗಾಳಿಯಲ್ಲಿ ಗುಂಡು ಹಾರಿಸಿ, ಕೂಸಿನ ಕೈಗೆ ಔಡಲ ಕಡ್ಡಿಯ ಬಿಲ್ಲು ಕೊಡುವ ವಾಡಿಕೆಯಿದೆ. ಹುಟ್ಟುತ್ತಲೇ ಬಿಲ್ಲು ಹಿಡಿದವನು ರಬ್ಬರ್ ತುದಿಯ ಆಟದ ಬಾಣ ತರಿಸಲು ಹದಿನೆಂಟು ವರ್ಷ ಕಾಯಬೇಕೆ? ಕಾಯಬೇಕು. ಆ ಬಿಲ್ಲಿಗೆ ಅವನು ದುಡ್ಡು ಕೊಟ್ಟಿರಲಿಲ್ಲ.

ಎರಡನೆಯ ಆಕ್ಷೇಪ ಇನ್ನೂ ಗಟ್ಟಿ. ನಮ್ಮ ಶಾಲೆಗಳಲ್ಲಿ ಮಕ್ಕಳ ಸಂತೆ ನಡೆಯುತ್ತದೆ. ನಾಲ್ಕನೇ ತರಗತಿಯ ವ್ಯಾಪಾರಿಣಿ ಕೆಸುವಿನ ಸೊಪ್ಪಿನ ಕಟ್ಟಿಗೆ ಹೆಡ್‌ಮಾಸ್ಟರರ ಹತ್ತಿರವೇ ಐದು ರೂಪಾಯಿ ಹೆಚ್ಚು ಕೇಳುತ್ತಾಳೆ. ಅವರು ಚೌಕಾಸಿ ಮಾಡಿ ಸೋಲುತ್ತಾರೆ. ಅತಿಥಿಗಳು ಚಪ್ಪಾಳೆ ತಟ್ಟುತ್ತಾರೆ. ಅದೇ ಹುಡುಗಿ ಮನೆಯ ಕಾಚಂಪುಳಿ ಹುಳಿರಸದ ಬಾಟಲಿಯ ಫೋಟೊ ತೆಗೆದು ಆನ್‌ಲೈನಿನಲ್ಲಿ ಮಾರಲು ಹೊರಟರೆ, ಅಪ್ಪನ ಹೆಸರಿನ ಖಾತೆ ಎಲ್ಲಿ ಎಂಬ ಪ್ರಶ್ನೆ ಬರುತ್ತದೆ. ಸಂತೆಯಲ್ಲಿ ಪ್ರತಿಭೆಯಾದದ್ದು ಪರದೆಯ ಮೇಲೆ ಅನರ್ಹತೆಯಾಗುತ್ತದೆ. ಹತ್ತು ತುಂಬಿದ ಮಕ್ಕಳು ತಮ್ಮ ಉಳಿತಾಯ ಖಾತೆಯನ್ನು ತಾವೇ ನಡೆಸಲು ಬ್ಯಾಂಕುಗಳು ಬಿಡಬಹುದೆಂದು ರಿಸರ್ವ್ ಬ್ಯಾಂಕು 2025ರಲ್ಲಿ ಮತ್ತೊಮ್ಮೆ ಹೇಳಿದೆ. ಅಂದರೆ ದುಡ್ಡು ಇಡಲು ಹತ್ತು, ಕರಾರು ಮಾಡಲು ಹದಿನೆಂಟು. ನಡುವಿನ ಎಂಟು ವರ್ಷ ಆಸೆ ಮಾತ್ರ.

ಆದರೆ ಅಪ್ರಾಪ್ತರನ್ನು ಕಂಡು ಮರುಗುವ ಮುನ್ನ 1881ರ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 26ನೇ ಕಲಮನ್ನು ಧ್ಯಾನಿಸಬೇಕು. ಅಪ್ರಾಪ್ತ ಚೆಕ್ಕು ಬರೆಯಬಹುದು. ಅದು ಎಲ್ಲರನ್ನೂ ಕಟ್ಟಿಹಾಕುತ್ತದೆ, ಅವನೊಬ್ಬನನ್ನು ಬಿಟ್ಟು. ಇಂಥ ಸ್ಥಾನಮಾನ ನಮ್ಮ ಶಾಸಕರಿಗೂ ಇಲ್ಲ.

ಈಗ ಚೌಕದ ಇತಿಹಾಸ. ಇದು ಫೋನಿನೊಡನೆ ಹುಟ್ಟಿತೆಂಬುದು ಅಜ್ಞಾನ. 1895ರಲ್ಲಿ ಕಲ್ಕತ್ತೆಯ ಧರ್ಮೋದಾಸ್ ಘೋಷ್ ಎಂಬ ತರುಣ ಬ್ರಹ್ಮೋ ದತ್ತನೆಂಬ ಸಾಹುಕಾರನಿಗೆ ಮನೆ ಅಡವಿಟ್ಟು 20,000 ರೂಪಾಯಿಯ ಪತ್ರ ಬರೆದುಕೊಟ್ಟ. ‘ನನಗೆ ಪ್ರಾಯ ತುಂಬಿದೆ’ ಎಂದು ಅವನಿಂದ ಪ್ರತ್ಯೇಕ ಹೇಳಿಕೆಯನ್ನೂ ಬರೆಸಿಕೊಂಡರು. ಹುಡುಗ ಇನ್ನೂ ಅಪ್ರಾಪ್ತನೆಂದು ಅವನ ತಾಯಿಯ ಕಡೆಯ ನೋಟಿಸು ಸಾಹುಕಾರನ ವಕೀಲನಿಗೆ ಮೊದಲೇ ತಲುಪಿತ್ತು. ಆದರೂ ಬರೆಸಿಕೊಂಡರು, ಚೌಕವಿರುವುದೇ ಅದಕ್ಕೆ. 1903ರಲ್ಲಿ ಪ್ರಿವಿ ಕೌನ್ಸಿಲ್ ಕರಾರು ಬುಡದಿಂದಲೇ ಶೂನ್ಯ ಎಂದಿತು. ಅಷ್ಟರಲ್ಲಿ ಸಾಹುಕಾರ ತೀರಿಕೊಂಡಿದ್ದ. ಸೋತವಳು ಅವನ ಹೆಂಡತಿ ಮೋಹರಿ ಬೀಬಿ. ಕಾನೂನು ವಿದ್ಯಾರ್ಥಿಗಳು ಇಂದಿಗೂ ಬಾಯಿಪಾಠ ಮಾಡುವುದು ಆಕೆಯ ಹೆಸರನ್ನೇ. ಗೊತ್ತಿದ್ದೂ ಬರೆಸಿಕೊಂಡ ಟಿಕ್ಕಿಗೆ ಕಾಸಿನ ಬೆಲೆಯಿಲ್ಲವೆಂದು ಆಗಲೇ ತೀರ್ಮಾನವಾಗಿದೆ. ಅಂಗಡಿಗಳಿಗೆ ಸುದ್ದಿ ಇನ್ನೂ ಮುಟ್ಟಿದಂತಿಲ್ಲ.

ಹಾಗಾದರೆ ಪೋಷಕರ ಒಪ್ಪಿಗೆಯೇ ದಾರಿ ಎನ್ನುವವರಿದ್ದಾರೆ. 2023ರ ವೈಯಕ್ತಿಕ ದತ್ತಾಂಶ ಕಾಯ್ದೆಯೂ ಹದಿನೆಂಟು ತುಂಬದವರ ಮಾಹಿತಿ ಬಳಸಬೇಕಾದರೆ ಹೆತ್ತವರ ಅಥವಾ ಪೋಷಕರ ಖಚಿತ ಒಪ್ಪಿಗೆ ಬೇಕೆನ್ನುತ್ತದೆ. ಪೋಷಕರೆಂದ ಕೂಡಲೇ ಮಡಿಕೇರಿಯವರು ಸ್ವಲ್ಪ ಹುಷಾರಾಗಬೇಕು. 1809ರಲ್ಲಿ ಕೊಡಗಿನ ಅರಸ ದೊಡ್ಡ ವೀರರಾಜೇಂದ್ರ ತೀರಿಕೊಂಡಾಗ ರಾಜ್ಯ ಎಳೆಯ ಮಗಳು ದೇವಮ್ಮಾಜಿಗೆ ಬಂತು. ಆಡಳಿತ ನೋಡಿಕೊಳ್ಳಲು ಚಿಕ್ಕಪ್ಪ ಲಿಂಗರಾಜ ಬಂದ. ಎಷ್ಟು ಚೆನ್ನಾಗಿ ನೋಡಿಕೊಂಡನೆಂದರೆ 1811ರಲ್ಲಿ ತಾನೇ ಅರಸನಾದ. (1820ರಲ್ಲಿ ಓಂಕಾರೇಶ್ವರ ದೇವಸ್ಥಾನ ಕಟ್ಟಿಸಿದವನೂ ಇವನೇ, ಅದು ಬೇರೊಂದು ಪಾಪದ ಪರಿಹಾರಕ್ಕೆಂದು ಐತಿಹ್ಯ.) ಪೋಷಕರ ಖಾತೆಯಲ್ಲಿ ಕಾಚಂಪುಳಿ ಮಾರುವ ಮಗಳು ಜಮೆಯಾದ ಹಣವನ್ನು ಆಗಾಗ ನೋಡಿಕೊಳ್ಳುವುದು ಒಳ್ಳೆಯದು.

ಸಿದ್ಧಾಂತ: ಚೌಕ ಅಪ್ರಮಾಣ. ಪ್ರಮಾಣವೆಂದರೆ ಒಟಿಪಿ, ಅದು ಬರುವುದು ಅಜ್ಜನ ಫೋನಿಗೆ. ಅಜ್ಜ ಕನ್ನಡಕ ಹುಡುಕಿ ಆರು ಅಂಕಿ ಓದಿ ಹೇಳುವಲ್ಲಿಗೆ ಹಣ ಕಟ್ಟಿದವರು ಅಜ್ಜನೇ ಆಗುತ್ತಾರೆ, ಬಂದ ಶೂ ಅವರ ಕಾಲಿಗೆ ಹಿಡಿಯದಿದ್ದರೂ. ಆದ್ದರಿಂದ ಅಜ್ಜಂದಿರಲ್ಲಿ ಒಂದೇ ವಿನಂತಿ. ಅಂಕಿ ಹೇಳುವ ಮುನ್ನ ಏನು, ಎಷ್ಟಕ್ಕೆ ಎಂದು ಕೇಳಿ. ಆಗ ಮರೆತರೆ, ವಾಪಸು ಕಳಿಸುವ ಗಡುವು ಮುಗಿಯುವುದರೊಳಗಾದರೂ ಕೇಳಿ.